ಒಣಗಿದ ಮೇಲೆ ನಾಮಕರಣ

ನಮ್ಮಲ್ಲಿ ಮಗು ಹುಟ್ಟಿ ಹನ್ನೊಂದೋ ಹನ್ನೆರಡೋ ದಿನಕ್ಕೆ ತೊಟ್ಟಿಲಿಗೆ ಹಾಕಿ, ಸೋದರತ್ತೆಯಿಂದ ಕಿವಿಯಲ್ಲಿ ಹೆಸರು ಕೂಗಿಸುತ್ತಾರೆ. ಸಸ್ಯಶಾಸ್ತ್ರದವರ ಸಂಪ್ರದಾಯ ಇದಕ್ಕೆ ತೀರ ತಿರುಗುಮುರುಗು. ಅವರು ಗಿಡವನ್ನು ಬೇರುಸಹಿತ ಕಿತ್ತು, ಹಳೆಯ ವೃತ್ತಪತ್ರಿಕೆಗಳ ನಡುವೆ ಹರಡಿ, ಎರಡು ಹಲಗೆಗಳ ಮಧ್ಯೆ ಬಿಗಿದು, ದಿನವೂ ಕಾಗದ ಬದಲಾಯಿಸುತ್ತ ಒಣಗಿಸಿ, ಹುಳು ತಿನ್ನದಂತೆ ವಿಷ ಸವರಿ, ದಪ್ಪ ಹಾಳೆಗೆ ದಾರದಿಂದ ಹೊಲಿದು, ಆಮೇಲೆ ಹೆಸರಿಡುತ್ತಾರೆ. ಗಿಡ ಹೊಸ ಪ್ರಭೇದದ್ದಾದರಂತೂ ಆ ಹೆಸರು ಶಾಶ್ವತವಾಗಿ ಅಂಟಿಕೊಳ್ಳುವುದು ಕಾಡಿನಲ್ಲಿ ಇನ್ನೂ ಬದುಕಿರುವ ಅದರ ಬಂಧುಬಳಗಕ್ಕಲ್ಲ, ಹಾಳೆಯ ಮೇಲಿನ ಆ ಒಂದು ಒಣ ಪ್ರತಿಗೆ. ಅದನ್ನು ‘ಟೈಪ್’ ಎನ್ನುತ್ತಾರೆ. ಉಳಿದ ಗಿಡಗಳು ಅದರಂತೆ ಕಾಣುತ್ತವೆ ಎಂಬ ಒಂದೇ ಕಾರಣಕ್ಕೆ ಆ ಹೆಸರಿನಲ್ಲಿ ಪಾಲು ಪಡೆಯುತ್ತವೆ.

ಕರ್ನಾಟಕದ ಕಾಲೇಜುಗಳಲ್ಲಿ ಮೂವತ್ತು ವರ್ಷ ಇದನ್ನೇ ಪಾಠ ಹೇಳಿ ಹೊಟ್ಟೆ ಹೊರೆದವಳು ನಾನು. ಆದ್ದರಿಂದ ಇದು ಬೀದಿಯಲ್ಲಿ ನಿಂತು ಆಡುವ ಟೀಕೆಯಲ್ಲ, ಮನೆಯೊಳಗಿನ ಮಾತು. ಹರ್ಬೇರಿಯಂ ಎಂಬ ಆ ಒಣಗಿಡಗಳ ಭಂಡಾರ ಇಲ್ಲದಿದ್ದರೆ ಸಸ್ಯಶಾಸ್ತ್ರವೇ ಇಲ್ಲ ಎಂದು ಅಂದೂ ನಂಬಿದ್ದೆ, ಇಂದೂ ನಂಬಿದ್ದೇನೆ. ಆದರೂ ಬೀರುವಿನ ಬಾಗಿಲು ತೆರೆದಾಗ ನುಸಿಗುಳಿಗೆಯ ವಾಸನೆಯೊಂದಿಗೆ ಎದೆಗೆ ಇನ್ನೇನೋ ಒಂದು ತಾಕುತ್ತದಲ್ಲ, ಅದು ಏನೆಂದು ಯೋಚಿಸಲು ಪುರಸೊತ್ತು ಸಿಕ್ಕಿದ್ದು ನಿವೃತ್ತಿಯ ಮೇಲೆ. ಅದೂ ಮಾನೇಸರಕ್ಕೆ ಬಂದ ಮೇಲೆ.

ಸಂಘದ ಸದಸ್ಯರಲ್ಲಿ ಅನೇಕರಿಗೆ ಮಾನೇಸರ ಎಂದರೆ ಜೈಪುರದ ಹೆದ್ದಾರಿಯಲ್ಲಿ ಕಾರು ನಿಧಾನವಾಗುವ ಒಂದು ಸ್ಥಳ. ಮಾರುತಿ ಕಾರಿನ ಕಾರ್ಖಾನೆ, ಅದಕ್ಕೆ ಬಿಡಿಭಾಗ ಮಾಡುವ ನೂರಾರು ಕಾರ್ಖಾನೆಗಳು, ರಾಷ್ಟ್ರೀಯ ಭದ್ರತಾ ದಳದ ಶಿಬಿರ, ಎಲ್ಲಿ ನೋಡಿದರೂ ಲಾರಿಗಳ ಸಾಲು. ಮಗಳು ಅಳಿಯ ಇಬ್ಬರಿಗೂ ಇಲ್ಲೇ ಕೆಲಸ. ಆದರೆ ಈ ಗದ್ದಲಕ್ಕೆ ಬೆನ್ನು ಹಾಕಿ ನಡೆದರೆ ಅರಾವಳಿಯ ಬೆಟ್ಟದ ಕಾಲುಗಳು ಸಿಗುತ್ತವೆ. ನೂರು ಕೋಟಿ ವರ್ಷಕ್ಕೂ ಹಳೆಯ ಬೆಟ್ಟಗಳು; ಸವೆದು ಸವೆದು ಮಲಗಿದ ಎಮ್ಮೆಗಳ ಹಾಗೆ ಕಾಣುತ್ತವೆ. ಮಲೆನಾಡಿನ ಕಣ್ಣಿಗೆ ಮೊದಮೊದಲು ಇಲ್ಲಿ ನೋಡಲು ಏನೂ ಇಲ್ಲ ಅನ್ನಿಸುತ್ತದೆ. ಎರಡು ಮಳೆಗಾಲ ಕಳೆಯಬೇಕು. ಆಗ ನಮ್ಮ ದಿಂಡಿಗದ ಸೋದರನಾದ ಧೌ ಮರ, ಬೇಸಗೆಗೆ ಮೊದಲು ಬೆಂಕಿ ಹತ್ತಿದಂತೆ ಹೂಬಿಡುವ ಧಾಕ್, ಅಂದರೆ ನಮ್ಮ ಮುತ್ತುಗ, ಎಲೆಯೇ ಇಲ್ಲದೆ ಬರಿ ಹಸಿರು ಕಡ್ಡಿಗಳಲ್ಲಿ ಬದುಕುವ ಕೈರ್, ಎಲ್ಲ ಒಬ್ಬೊಬ್ಬರಾಗಿ ಪರಿಚಯ ಹೇಳಿಕೊಳ್ಳುತ್ತಾರೆ.

ಮೊಮ್ಮಗಳು ದೆಹಲಿಯ ಒಂದು ಕಾಲೇಜಿನಲ್ಲಿ ಸಸ್ಯಶಾಸ್ತ್ರ ಓದುತ್ತಿದ್ದಾಳೆ. ಅವಳು ಪರೀಕ್ಷೆಗೆ 25 ಗಿಡಗಳನ್ನು ಒಣಗಿಸಿ ಒಪ್ಪಿಸಬೇಕು. ಹಾಳೆಯ ಅಳತೆ ಸುಮಾರು 42 ಸೆಂಟಿಮೀಟರು ಉದ್ದ, 29 ಸೆಂಟಿಮೀಟರು ಅಗಲ; ಅದು ನನ್ನ ಕಾಲದಲ್ಲೂ ಅಷ್ಟೇ, ಇಂದಿಗೂ ಅಷ್ಟೇ. ಬದಲಾದದ್ದು ಒತ್ತುವ ಕಾಗದ ಮಾತ್ರ. ಈಗಿನ ನುಣುಪು ಕಾಗದ ನೀರು ಹೀರುವುದಿಲ್ಲ. ಹುಡುಕಿದಾಗ ಅಟ್ಟದಲ್ಲಿ ಈ ನಮ್ಮ ಮಾಸಪತ್ರಿಕೆಯ ಹಳೆಯ ಸಂಚಿಕೆಗಳ ಕಟ್ಟು ಸಿಕ್ಕಿತು. ಸಂಪಾದಕರು ಕೋಪಿಸಿಕೊಳ್ಳಬಾರದು, ಆ ಕಾಗದ ಸೊಗಸಾಗಿ ಹೀರುತ್ತದೆ. ಒಂದು ಉತ್ತರಣೆ ಗಿಡ ಯಾರದೋ ವಾರ್ಷಿಕ ವರದಿಯ ಮೇಲೆ ತನ್ನ ನೆರಳನ್ನು ಅಚ್ಚೊತ್ತಿ ಹೋಗಿದೆ. ವರದಿಗಿಂತ ನೆರಳೇ ಚೆನ್ನಾಗಿದೆ ಎಂದು ಅಳಿಯಂದಿರು ಹೇಳಿದರು, ನಾನಲ್ಲ.

ಕಳೆದ ರಥಸಪ್ತಮಿಯ ದಿನ ಎಂದಿನಂತೆ ಎಕ್ಕದ ಎಲೆ ತರಲು ಅವಳನ್ನೇ ಕಳಿಸಿದೆ. ಏಳು ಎಲೆ ತಂದು ಕೈಗಿಟ್ಟು, ‘ಅಜ್ಜೀ, ಇದು ನಿಮ್ಮ ಊರಿನ ಎಕ್ಕ ಅಲ್ಲ ಗೊತ್ತಾ? ಅಲ್ಲಿಯದು ಕೆಲೋಟ್ರಾಪಿಸ್ ಜೈಜಾಂಟಿಯ, ಇಲ್ಲಿಯದು ಪ್ರೊಸಿರ. ಪುಣ್ಯ ಬರುತ್ತೋ ಇಲ್ವೋ ನೋಡಿಕೊಳ್ಳಿ’ ಎಂದಳು. ಹೌದು, ಇಲ್ಲಿಯ ಎಕ್ಕದ ಹೂವಿನ ಎಸಳು ನೆಟ್ಟಗೆ ನಿಂತಿರುತ್ತದೆ, ತುದಿಯಲ್ಲಿ ನೇರಳೆ ಬಣ್ಣ. ನಮ್ಮ ಕಡೆಯ ಎಕ್ಕದ ಎಸಳು ಅಗಲಕ್ಕೆ ಚಾಚಿಕೊಳ್ಳುತ್ತದೆ. ಇಷ್ಟು ವರ್ಷ ಪಾಠ ಹೇಳಿದವಳಿಗೆ ಅದು ಗೊತ್ತಿಲ್ಲದ್ದೇನಲ್ಲ. ಆದರೆ ತಲೆಯ ಮೇಲೆ ಎಲೆ ಇಟ್ಟು ನೀರು ಹೊಯ್ದುಕೊಳ್ಳುವಾಗ ನಮ್ಮಮ್ಮ ಕಲಿಸಿದ ವರ್ಗೀಕರಣ ಬೇರೆ. ಅದರಲ್ಲಿ ಹಾಲು ಬರುವುದು, ದಪ್ಪ ಎಲೆಯದು, ಸೂರ್ಯನಿಗೆ ಪ್ರಿಯವಾದದ್ದು ಎಕ್ಕ. ಅಷ್ಟೇ. ಎರಡೂ ಸರಿಯಾದ ವರ್ಗೀಕರಣಗಳೇ. ಒಂದು ಗಿಡವನ್ನು ಗಿಡದ ಜೊತೆ ಹೋಲಿಸುತ್ತದೆ, ಇನ್ನೊಂದು ಗಿಡವನ್ನು ನಮ್ಮ ಜೊತೆ ಸೇರಿಸುತ್ತದೆ. ಹಾಳೆಗೆ ಹೊಲಿಯುವಾಗ ಎರಡನೆಯದು ಉದುರಿಹೋಗುತ್ತದೆ.

ಇದು ನನಗೆ ಸರಿಯಾಗಿ ನಾಟಿದ್ದು ಹೋದ ತಿಂಗಳು, ಕೈರ್ ಗಿಡದ ಹತ್ತಿರ. ಚೈತ್ರದಲ್ಲಿ ಅದು ಇಟ್ಟಿಗೆ ಕೆಂಪಿನ ಹೂ ಬಿಡುತ್ತದೆ. ಹುಡುಗಿ ಕತ್ತರಿಯಿಂದ ಒಂದು ಟೊಂಗೆ ಕತ್ತರಿಸಿ ಹಲಗೆಗಳ ಮಧ್ಯೆ ಜೋಡಿಸುತ್ತಿದ್ದಳು. ಆಡು ಮೇಯಿಸಲು ಬಂದ ಒಬ್ಬ ಮುದುಕಿ, ನನಗಿಂತ ಹತ್ತು ವರ್ಷ ದೊಡ್ಡವಳಿರಬೇಕು, ಬಂದು ನಿಂತಳು. ಹರಿಯಾಣದವರ ಮಾತಿನಲ್ಲಿ ಪೀಠಿಕೆ ಇರುವುದಿಲ್ಲ. ‘ಛೋರೀ, ಅದನ್ನು ತಿನ್ನುತ್ತೀಯಾ?’ ಇಲ್ಲ. ‘ಆಡಿಗೆ ಹಾಕುತ್ತೀಯಾ?’ ಇಲ್ಲ. ‘ಔಷಧಿಗಾ?’ ಅಲ್ಲ. ‘ಮತ್ತೆ ಯಾಕೆ ಕಡಿದೆ? ಇನ್ನು ಒಂದು ತಿಂಗಳಿದ್ದರೆ ಟೇಂಟಿ ಆಗುತ್ತಿತ್ತಲ್ಲ.’ ಟೇಂಟಿ ಎಂದರೆ ಅದರ ಕಾಯಿ. ಕಹಿ ಹೋಗುವ ತನಕ ದಿನಗಟ್ಟಲೆ ಉಪ್ಪುನೀರಿನಲ್ಲೋ ಮಜ್ಜಿಗೆಯಲ್ಲೋ ನೆನೆಹಾಕಿ ಸಾಸಿವೆ ಎಣ್ಣೆಯಲ್ಲಿ ಉಪ್ಪಿನಕಾಯಿ ಹಾಕುತ್ತಾರೆ. ನಮ್ಮ ಮಿಡಿ ಉಪ್ಪಿನಕಾಯಿಗೆ ಸಾಟಿಯಲ್ಲದಿದ್ದರೂ ಬಾಜ್ರಾ ರೊಟ್ಟಿಗೆ ಚೆನ್ನಾಗಿ ಹೊಂದುತ್ತದೆ. ‘ಓದುವುದಕ್ಕೆ, ತಾಯಿ’ ಎಂದು ಮೊಮ್ಮಗಳು ಹೇಳಿದಳು. ‘ಓದುವುದಕ್ಕೆ ಪುಸ್ತಕ ಇಲ್ಲವಾ?’ ಎಂದು ಕೇಳಿ ಮುದುಕಿ ಆಡಿನ ಹಿಂದೆ ಹೋದಳು.

ಹುಡುಗಿ ನಕ್ಕಳು. ನಾನೂ ನಕ್ಕೆ. ಮನೆಗೆ ಬಂದ ಮೇಲೆ ನಗು ಬರಲಿಲ್ಲ. ಗಿಡ ಕಡಿಯುವುದಕ್ಕೆ ಆ ಮುದುಕಿಯದೇನೂ ಆಕ್ಷೇಪಣೆ ಇರಲಿಲ್ಲ, ದಿನವೂ ಕಡಿಯುವವಳೇ. ಕಡಿದದ್ದಕ್ಕೆ ಒಂದು ಕಾರಣ ಇರಬೇಕು, ಅದನ್ನು ಕೇಳಿದವರಿಗೆ ಹೇಳಲು ಬರಬೇಕು ಎಂಬುದು ಅವಳ ಲೆಕ್ಕ. ನಮ್ಮ ಊರುಗಳಲ್ಲೂ ಇದೇ ಲೆಕ್ಕ. ಮುಸ್ಸಂಜೆಯಾದ ಮೇಲೆ ಗಿಡ ಮುಟ್ಟಬಾರದು, ಮಲಗಿರುತ್ತದೆ ಎಂದು ಬೈಸಿಕೊಳ್ಳದ ಮಕ್ಕಳಿಲ್ಲ. ದ್ವಾದಶಿಯ ದಿನ ತುಳಸಿ ಕೊಯ್ಯುವ ಹಾಗಿಲ್ಲ. ನಾಟಿ ವೈದ್ಯರು ಬೇರು ಅಗೆಯುವ ಮೊದಲು ಗಿಡಕ್ಕೆ ಕೈಮುಗಿದು, ಯಾರ ಕಾಯಿಲೆಗೆ ಎಂದು ಹೇಳಿ ಅಪ್ಪಣೆ ಕೇಳುವುದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಅದನ್ನು ಮೂಢನಂಬಿಕೆ ಎನ್ನುವವರು ಎನ್ನಲಿ. ಕೇಳಿಕೊಂಡು ಕೀಳುವವನು ಬುಟ್ಟಿಗಟ್ಟಲೆ ಕೀಳುವುದಿಲ್ಲ.

ಬುಟ್ಟಿಗಟ್ಟಲೆ ಕಿತ್ತವರ ಕತೆಯೂ ಇದೆ. ಮಲೆನಾಡಿನ ಒಂದು ಗುಡ್ಡದ ಜಂಬಿಟ್ಟಿಗೆ ಇಳಿಜಾರಿನಲ್ಲಿ ಮಳೆ ನಿಂತ ಮೇಲೆ ಡ್ರಾಸೆರ ಬೆಳೆಯುತ್ತಿತ್ತು. ಎಲೆಯ ಕೂದಲುಗಳ ತುದಿಯಲ್ಲಿ ಅಂಟು ಹನಿ ಹೊತ್ತು ಇರುವೆ ನೊಣ ಹಿಡಿಯುವ ಅಂಗೈಯಷ್ಟು ಗಿಡ. ಪರೀಕ್ಷೆಯಲ್ಲಿ ಅದಕ್ಕೆ ಹೆಚ್ಚು ಅಂಕ ಸಿಗುತ್ತದೆಂದು ಯಾವುದೋ ಕಾಲೇಜಿನಲ್ಲಿ ಸುದ್ದಿ ಹಬ್ಬಿ, ವರ್ಷವರ್ಷವೂ ಬಸ್ಸು ತುಂಬ ವಿದ್ಯಾರ್ಥಿಗಳು ಬಂದು ತಲೆಗೊಂದರಂತೆ ಕಿತ್ತುಕೊಂಡು ಹೋದರು. ಏಳೆಂಟು ವರ್ಷದಲ್ಲಿ ಇಳಿಜಾರು ಬೋಳಾಯಿತು. ನನ್ನ ತರಗತಿಯಲ್ಲಿ ಇಡೀ ಗುಂಪಿಗೆ ಒಂದೇ ಹಾಳೆ ಎಂಬ ನಿಯಮ ಇಟ್ಟಿದ್ದೆ. ಜಿಪುಣತನ ಎಂದು ಹಿಂದಿನಿಂದ ಆಡಿಕೊಳ್ಳುತ್ತಿದ್ದರಂತೆ. ಇರಲಿ. ಬೇಸರದ ಸಂಗತಿ ಎಂದರೆ ಪರೀಕ್ಷೆ ಮುಗಿದ ಮೇಲೆ ಆ ಹಾಳೆಗಳ ಗತಿ. ಸಂಗ್ರಹಸಂಖ್ಯೆ ಇಲ್ಲ, ಕಿತ್ತ ಜಾಗದ ವಿವರ ಇಲ್ಲ. ಯಾವ ಭಂಡಾರಕ್ಕೂ ಬೇಡ. ಎರಡು ವರ್ಷ ದೂಳು ತಿಂದು ರದ್ದಿಗೆ ಹೋಗುತ್ತವೆ. ಪ್ರಾಣಿಶಾಸ್ತ್ರದ ತರಗತಿಗಳಲ್ಲಿ ಕಪ್ಪೆ ಕೊಯ್ಯುವುದನ್ನು ನಿಲ್ಲಿಸಿ ಎಂದು ಯುಜಿಸಿ 2014ರಲ್ಲಿ ವಿಶ್ವವಿದ್ಯಾಲಯಗಳಿಗೆ ಹೇಳಿತು. ಕಪ್ಪೆಗೆ ವಕೀಲರು ಸಿಕ್ಕರು. ಕಳೆಗಿಡಕ್ಕೆ ಯಾರು ಸಿಗುತ್ತಾರೆ?

ಇನ್ನು ಹೆಸರಿನ ವಿಷಯ. ಹಾಳೆಯ ಕೆಳಗೆ ಬಲಮೂಲೆಯಲ್ಲಿ ಒಂದು ಚೀಟಿ ಅಂಟಿಸುತ್ತಾರೆ: ಕುಟುಂಬ, ಜಾತಿ, ಪ್ರಭೇದ, ಸ್ಥಳ, ದಿನಾಂಕ, ಸಂಗ್ರಹಿಸಿದವರು. ‘ಸ್ಥಳೀಯ ಹೆಸರು’ ಎಂಬ ಸಾಲೂ ಒಂದಿರುತ್ತದೆ. ಆ ಸಾಲು ತುಂಬಿದ ಹಾಳೆಯನ್ನು ನಾನು ನೋಡಿದ್ದು ಕಡಿಮೆ. ದಾರಿ ತೋರಿಸಿದವನ, ಮರ ಹತ್ತಿ ಹೂ ಕಿತ್ತುಕೊಟ್ಟವನ ಹೆಸರಿಗಂತೂ ಸಾಲೇ ಇಲ್ಲ.

ಹಿಂದೆ ಹೀಗಿರಲಿಲ್ಲ. ಕೊಚ್ಚಿಯಲ್ಲಿ ಡಚ್ಚರ ಅಧಿಕಾರಿಯಾಗಿದ್ದ ವಾನ್ ರೀಡ್ ಮಾಡಿಸಿದ ‘ಹೋರ್ಟಸ್ ಮಲಬಾರಿಕಸ್’ 1678ರಿಂದ 1693ರವರೆಗೆ 12 ಸಂಪುಟಗಳಲ್ಲಿ ಹೊರಬಂತು. ಅದರಲ್ಲಿ ಇಟ್ಟಿ ಅಚ್ಯುತನ್ ಎಂಬ ವೈದ್ಯನ ಹೆಸರಿದೆ. ರಂಗಭಟ್, ವಿನಾಯಕ ಪಂಡಿತ, ಅಪ್ಪುಭಟ್ ಎಂಬ ಮೂವರು ಕೊಂಕಣಿ ಬ್ರಾಹ್ಮಣರ ಹೆಸರಿದೆ, ಅವರು ನಾಗರಿ ಲಿಪಿಯಲ್ಲಿ ಬರೆದುಕೊಟ್ಟ ಒಪ್ಪಿಗೆಪತ್ರವೂ ಇದೆ. ಗಿಡದ ಹೆಸರನ್ನು ಮಲಯಾಳದಲ್ಲಿ ಕೊಟ್ಟಿದ್ದಾರೆ. ಮುಂದೆ ಸ್ವೀಡನ್ನಿನ ಲಿನೇಯಸ್ ಈ ಗ್ರಂಥವನ್ನು ಚೆನ್ನಾಗಿ ಬಳಸಿಕೊಂಡು, 1753ರಲ್ಲಿ ಜಗತ್ತಿನ ಗಿಡಗಳಿಗೆಲ್ಲ ಎರಡು ಪದದ ಲ್ಯಾಟಿನ್ ಹೆಸರು ಕೊಟ್ಟ. ಅವನಿಗೆ ನಮ್ಮ ದೇಶಭಾಷೆಯ ಹೆಸರುಗಳು ಒರಟು ಅನ್ನಿಸುತ್ತಿದ್ದವು. ಆದರೂ ಕೆಲವು ನುಸುಳಿಕೊಂಡವು. ಅಡಕೆಗೆ ಅವನಿಟ್ಟ ಹೆಸರು ಅರೇಕ ಕಟೇಚು. ಅರೇಕ ಎಂಬುದು ಅಡಕೆಯೇ, ಕಟೇಚು ಎಂಬುದು ಕಾಚು. ವೀಳ್ಯದೆಲೆಗೆ ಇಟ್ಟ ಪೈಪರ್ ಬೀಟಲ್‌ನಲ್ಲಿ ಮಲಯಾಳದ ವೆಟ್ಟಿಲ ಇದೆ. ಸುಣ್ಣ ಒಂದು ಸಿಕ್ಕಿದ್ದರೆ ಲ್ಯಾಟಿನ್ನಿನಲ್ಲೇ ತಾಂಬೂಲ ಮುಗಿಯುತ್ತಿತ್ತು. ಲಿನೇಯಸ್ ಸತ್ತ ಮೇಲೆ ಅವನ ಒಣಗಿಡಗಳೂ ಪುಸ್ತಕಗಳೂ 1784ರಲ್ಲಿ ಇಂಗ್ಲೆಂಡಿನ ಜೇಮ್ಸ್ ಎಡ್ವರ್ಡ್ ಸ್ಮಿತ್‌ಗೆ ಮಾರಾಟವಾಗಿ ಹಡಗು ಹತ್ತಿ ಲಂಡನ್ನಿಗೆ ಹೋದವು. ಸಂಗ್ರಹ ಮಾಡುವವನ ಗಿಡಗಳಿಗೂ ಒಂದು ದಿನ ಇನ್ನೊಬ್ಬ ಸಂಗ್ರಹಕಾರ ಸಿಗುತ್ತಾನೆ.

ಟಿಪ್ಪು ಬಿದ್ದ ಮರುವರ್ಷ, 1800ರಲ್ಲಿ, ಫ್ರಾನ್ಸಿಸ್ ಬುಕಾನನ್ ಎಂಬ ವೈದ್ಯನನ್ನು ಗವರ್ನರ್ ಜನರಲ್ ವೆಲ್ಲೆಸ್ಲಿ ಮೈಸೂರು, ಕನ್ನಡ ಜಿಲ್ಲೆ, ಮಲಬಾರುಗಳ ಸುತ್ತಾಟಕ್ಕೆ ಕಳಿಸಿದ. 1807ರಲ್ಲಿ ಅಚ್ಚಾದ ಅವನ ಮೂರು ಸಂಪುಟ ಇಂದಿಗೂ ನಮ್ಮ ನಾಡಿನ ಬಗ್ಗೆ ದೊಡ್ಡ ಆಕರ. ಅದರಲ್ಲಿ ಒಂದೇ ಪುಟದಲ್ಲಿ ಗಿಡ, ಮಣ್ಣು, ಬೆಳೆ, ಕಂದಾಯ, ಜಾತಿಗಳ ವಿವರ ಒಟ್ಟಿಗೆ ಹರಿಯುತ್ತದೆ. ಆ ಸೇರಿಕೆ ಆಕಸ್ಮಿಕವಲ್ಲ. ಹೆಸರು ಪಟ್ಟಿ ಮಾಡಿದ್ದನ್ನು ತೆರಿಗೆಗೆ ಪಟ್ಟಿ ಮಾಡುವುದು ಸುಲಭ. ನೂರು ವರ್ಷದ ಮೇಲೆ ಮದರಾಸು ಮ್ಯೂಸಿಯಮ್ಮಿನ ಥರ್ಸ್ಟನ್ ದಕ್ಷಿಣದ ಜನರ ಮೂಗು ತಲೆಗಳನ್ನು ಅಳೆದು, 1909ರಲ್ಲಿ ಏಳು ಸಂಪುಟಗಳಲ್ಲಿ ಜಾತಿ ಬುಡಕಟ್ಟುಗಳನ್ನು ಅಕಾರಾದಿಯಾಗಿ ಜೋಡಿಸಿದ. ಸಸ್ಯಶಾಸ್ತ್ರದ ಕನ್ನಡ ಪುಸ್ತಕಗಳಲ್ಲಿ ‘ಜಾತಿ’ ಎಂಬ ಪದ ಬಂದಾಗಲೆಲ್ಲ ಹಿಂದಿನ ಬೆಂಚಿನಲ್ಲಿ ಒಂದು ಕಿಸಕ್ಕನೆ ನಗು ಏಳುತ್ತಿತ್ತು. ಆ ಹುಡುಗರು ನಗುತ್ತಿದ್ದುದು ಸುಮ್ಮನೆ ಅಲ್ಲ.

ಹೋಗಲಿ, ಹೆಸರಾದರೂ ಕೊಟ್ಟಮೇಲೆ ನಿಲ್ಲುತ್ತದೆಯೇ? ಜಾಲಿಯ ಕತೆ ಕೇಳಿ. ಅಕೇಶಿಯಾ ಎಂಬ ಮಾತು ಹುಟ್ಟಿದ್ದೇ ಮುಳ್ಳು ಎಂಬ ಅರ್ಥದ ಗ್ರೀಕ್ ಪದದಿಂದ. ನಮ್ಮ ಕರಿಜಾಲಿಯ ಒಳಗಿನದೇ ಆ ಕುಲದ ಹಳೆಯ ಟೈಪು. ಆಸ್ಟ್ರೇಲಿಯದಲ್ಲಿ ಮುಳ್ಳಿಲ್ಲದ ಸಾವಿರ ಬಗೆಯ ಅಕೇಶಿಯಾಗಳಿವೆ. ಕುಟುಂಬ ಪಾಲಾಗಬೇಕಾಗಿ ಬಂದಾಗ ಹೆಸರು ಯಾರಿಗೆ ಎಂಬ ವ್ಯಾಜ್ಯ ಹತ್ತಿತು. 2005ರಲ್ಲಿ ವಿಯೆನ್ನಾದಲ್ಲಿ ತೀರ್ಮಾನವಾಯಿತು, 2011ರಲ್ಲಿ ಮೆಲ್ಬೋರ್ನಿನಲ್ಲಿ ಖಾಯಂ ಆಯಿತು: ಹೆಸರು ಆಸ್ಟ್ರೇಲಿಯದವರಿಗೆ. ನಮ್ಮ ಕರಿಜಾಲಿ ವಾಚೆಲಿಯ ಆಯಿತು, ಕಾಚಿನ ಮರವಾದ ಕಗ್ಗಲಿ ಸೆನೆಗಾಲಿಯ ಆಯಿತು. ಮಲೆನಾಡಿನ ನಮ್ಮ ಜನ ಅರಣ್ಯ ಇಲಾಖೆ ನೆಟ್ಟ ಆ ಆಸ್ಟ್ರೇಲಿಯದ ನೆಡುತೋಪನ್ನೇ ಮೊದಲಿಂದಲೂ ‘ಅಕೇಶಿಯಾ’ ಎಂದು ಬೈಯುತ್ತ ಬಂದವರು. ಜಗತ್ತಿನ ವಿದ್ವಾಂಸರು ಕೊನೆಗೆ ಅವರ ಮಾತಿಗೇ ಬಂದು ನಿಂತರು! 2024ರಲ್ಲಿ ಮ್ಯಾಡ್ರಿಡ್‌ನ ಸಮ್ಮೇಳನದಲ್ಲಿ ಆಫ್ರಿಕದ ಕರಿಯರನ್ನು ಹೀಯಾಳಿಸುವ ಒಂದು ಪದವನ್ನು ಇನ್ನೂರಕ್ಕೂ ಹೆಚ್ಚು ಹೆಸರುಗಳಿಂದ ಒಂದಕ್ಷರ ಅಳಿಸಿ ತಿದ್ದಲು ಒಪ್ಪಿದರು. ಹಾಗಾದರೆ ಲ್ಯಾಟಿನ್ ಹೆಸರು ಬ್ರಹ್ಮಲಿಪಿಯೇನಲ್ಲ, ತಿದ್ದಬಹುದು ಎಂದಾಯಿತು.

ಇಷ್ಟೆಲ್ಲ ದೂರಿದ ಮೇಲೂ ನಾನು ಹರ್ಬೇರಿಯಂಗಳನ್ನು ಮುಚ್ಚಿ ಎನ್ನುವ ಪಕ್ಷದವಳಲ್ಲ. ಅದಕ್ಕೆ ಕಾರಣ ಜೋಗದ ಒಂದು ಹುಲ್ಲು.

ನನ್ನ ತವರು ಸಾಗರದ ಕಡೆ. ಅಲ್ಲಿ ‘ಮುಳುಗಡೆ’ ಎಂದರೆ ಒಂದೇ ಅರ್ಥ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದಾಗ ನನಗೆ ಒಂಬತ್ತು ವರ್ಷ. ದೊಡ್ಡಮ್ಮನ ಮನೆ, ತೋಟ, ಗದ್ದೆ, ಮನೆಯ ಹಿಂದಿನ ಕಾನು ಎಲ್ಲ ನೀರಿಗೆ ಹೋಯಿತು. ಲಾರಿಯಲ್ಲಿ ಕಂಬ ತೊಲೆ ಹೇರಿಕೊಂಡು ಅವರು ಬಯಲಿನ ಕಡೆ ಹೋದದ್ದು ನೆನಪಿದೆ. ತೊಲೆಗಳ ಮೇಲೆ ಒಂದು ತುಳಸಿಕಟ್ಟೆಯ ಕಲ್ಲು ಇತ್ತು. ಆ ಊರುಗಳ ಕಾನಿನಲ್ಲಿ ಏನೇನು ಗಿಡ ಇದ್ದವೆಂದು ಕೇಳಿದರೆ ಇಂದು ಹೇಳುವವರಿಲ್ಲ.

ಆದರೆ ಒಂದು ಗಿಡದ ಬಗ್ಗೆ ಹೇಳುವುದಕ್ಕೆ ಒಂದು ಹಾಳೆ ಇತ್ತು. 1919ರಲ್ಲಿ ಸೆಜ್‌ವಿಕ್ ಎಂಬ ಐಸಿಎಸ್ ಅಧಿಕಾರಿಯೂ ಬೆಲ್ ಎಂಬ ಅರಣ್ಯಾಧಿಕಾರಿಯೂ ಗೇರುಸೊಪ್ಪೆಯ ಜಲಪಾತದ ಹತ್ತಿರ, ಅಂದರೆ ನಮ್ಮ ಜೋಗದಲ್ಲಿ, ತುಂತುರು ಬೀಳುವ ಒದ್ದೆ ಜಾಗದಿಂದ ಒಂದು ಎಳಸು ಹುಲ್ಲನ್ನು ಕಿತ್ತು ಒಣಗಿಸಿದರು. ಬೆಲ್ ಎಂದರೆ ಕಾರವಾರದಲ್ಲೇ ನೆಲೆನಿಂತು ಅಲ್ಲೇ ಮಣ್ಣಾದ ಬೆಲ್ ಸಾಹೇಬರು. ಆ ಹುಲ್ಲು ಏನೆಂದು ಸುಮಾರು ಮೂವತ್ತು ವರ್ಷ ಯಾರೂ ಹೇಳಲಿಲ್ಲ. ಆಮೇಲೆ ಲಂಡನ್ನಿನ ಬಳಿಯ ಕ್ಯೂ ಉದ್ಯಾನದಲ್ಲಿದ್ದ ಬೋರ್ ಎಂಬಾತ ಅದನ್ನು ಓದಿ, ಇದು ಜಗತ್ತಿನ ಯಾವ ಹುಲ್ಲಿಗೂ ಸೇರದ ಕುಲ ಎಂದು ಕಂಡುಕೊಂಡು ಹಬ್ಬಾರ್ಡಿಯ ಹೆಪ್ಟಾನ್ಯೂರಾನ್ ಎಂದು ಕರೆದ. ಹಬ್ಬರ್ಡ್ ಎಂಬುವರು ಅದೇ ಕ್ಯೂ ಉದ್ಯಾನದ ಹುಲ್ಲಿನ ಪಂಡಿತರು. ಹೆಪ್ಟಾನ್ಯೂರಾನ್ ಎಂದರೆ ಏಳು ನರದ್ದು. ಜೋಗದ ಹೆಸರು ಅದರಲ್ಲಿ ಎಲ್ಲೂ ಇಲ್ಲ. ಅಣೆಕಟ್ಟಾಯಿತು, ಜಲಪಾತ ಬಡವಾಯಿತು, ಹುಡುಕಿದವರಿಗೆ ಹುಲ್ಲು ಸಿಗಲಿಲ್ಲ. ಅಳಿದುಹೋದ ಸಸ್ಯಗಳ ಪಟ್ಟಿಗೆ ಅದರ ಹೆಸರು ಏರಿತು. ಊರು ಮುಳುಗಿದಾಗ ಜನಕ್ಕೆ ಪರಿಹಾರ ಎಂದು ಅಷ್ಟಿಷ್ಟು ಕೊಟ್ಟರು. ಹುಲ್ಲಿಗೆ ಉಳಿದದ್ದು ಆ ಒಣಹಾಳೆ ಮಾತ್ರ.

ಮುಂದಿನದು ಪವಾಡದಂಥ ಸಂಗತಿ. ಈ ಶತಮಾನದ ಆರಂಭದಲ್ಲಿ ಕೊಲ್ಹಾಪುರದ ಶಿವಾಜಿ ವಿಶ್ವವಿದ್ಯಾಲಯದ ಎಸ್. ಆರ್. ಯಾದವ್ ಮತ್ತು ಅವರ ಸಂಗಡಿಗರಿಗೆ ತಿಲ್ಲಾರಿ ಘಟ್ಟದ ನೀರು ಜಿನುಗುವ ಬಂಡೆಯ ಬಳಿ ಒಂದು ಹುಲ್ಲು ಕಂಡಿತು. ಅದು ಅದೇ! ಅದೇ ಎಂದು ಗೊತ್ತಾದದ್ದು ಹೇಗೆ? ಬೆಲ್ಲೂ ಸೆಜ್‌ವಿಕ್ಕೂ ಅಂದು ಕಿತ್ತದ್ದರಿಂದ, ಅದನ್ನು ನೋಡಿ ಬೋರ್ ನರ ಎಣಿಸಿ ಬರೆದಿಟ್ಟದ್ದರಿಂದ. ಅವರು ಅಂದು ಕೀಳದೆ, ಪಾಪ ಬದುಕಿಕೊಳ್ಳಲಿ ಎಂದು ಬಿಟ್ಟುಬಂದಿದ್ದರೆ, ಜೋಗದಲ್ಲಿ ಹಾಗೊಂದು ಹುಲ್ಲು ಇತ್ತು ಎಂಬುದೇ ನಮಗೆ ತಿಳಿಯುತ್ತಿರಲಿಲ್ಲ. ಇಲ್ಲದಂತಾದದ್ದೂ ತಿಳಿಯುತ್ತಿರಲಿಲ್ಲ. ದೊಡ್ಡಮ್ಮನ ಕಾನಿನ ಉಳಿದ ಗಿಡಗಳ ಸ್ಥಿತಿ ಅದೇ.

ಇದನ್ನು ಬಲ್ಲವರಾಗಿದ್ದರು ಬೆಂಗಳೂರಿನ ಸೇಂಟ್ ಜೋಸೆಫ್ಸ್ ಕಾಲೇಜಿನ ಫಾದರ್ ಸೆಸಿಲ್ ಸಲ್ಡಾನ. ಅಮೆರಿಕದ ಸ್ಮಿತ್ಸೋನಿಯನ್ ಸಂಸ್ಥೆಯ ನಿಕಲ್ಸನ್ ಜೊತೆ ಅವರು ಮಾಡಿದ ಹಾಸನ ಜಿಲ್ಲೆಯ ಸಸ್ಯಗ್ರಂಥ 1976ರಲ್ಲಿ ಅಚ್ಚಾಯಿತು, ಅದೂ ಇಲ್ಲಿ ಹೊಸ ದೆಹಲಿಯಲ್ಲಿ. ಅವರ ಕಾಲೇಜಿನ ಒಣಗಿಡಗಳ ಭಂಡಾರ ಈಗ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿದೆ. ಕನ್ನಡದ ಒಂದು ಊರು ಲ್ಯಾಟಿನ್ನಿಗೆ ಹೋದದ್ದೂ ಉಂಟು. ಜೋಗದಿಂದ ಹೊನ್ನಾವರಕ್ಕೆ ಇಳಿಯುವ ದಾರಿಯ ಕತ್ತಲೆಕಾನಿನಲ್ಲಿ ಸಿಕ್ಕ ಕಾಡುಗೇರಿನ ಮರಕ್ಕೆ 2000ದಲ್ಲಿ ಸೆಮಿಕಾರ್ಪಸ್ ಕತ್ತಲೆಕಾನೆನ್ಸಿಸ್ ಎಂದೇ ಹೆಸರಿಟ್ಟರು. ಶಿರಸಿಯ ಅರಣ್ಯ ಕಾಲೇಜಿನವರು ಅದರ ಸಸಿ ಮಾಡಿ ನೆಟ್ಟಿದ್ದಾರೆ. ಹಾಳೆಗೆ ಹೊಲಿಯುವುದರ ಜೊತೆಗೇ ನೆಲಕ್ಕೆ ನೆಡುವುದೂ ನಡೆದಿದೆ ಎಂದು ಕೇಳಿ ನನಗೆ ಆದ ಸಂತೋಷ ಅಷ್ಟಿಷ್ಟಲ್ಲ.

ಜಗತ್ತಿನಲ್ಲಿ ಇಂಥ ಒಣಹಾಳೆಗಳು ಸುಮಾರು 40 ಕೋಟಿ ಇವೆಯಂತೆ. ಕ್ಯೂನಲ್ಲಿ 70 ಲಕ್ಷ, ನಮ್ಮ ಹೌರಾದ ಕೇಂದ್ರ ಭಂಡಾರದಲ್ಲಿ ಸುಮಾರು 20 ಲಕ್ಷ. ಐರ್ಲೆಂಡಿನ ಬರಗಾಲಕ್ಕೆ ಕಾರಣವಾದ ಆಲೂಗೆಡ್ಡೆ ರೋಗದ ತಳಿ ಯಾವುದೆಂದು 2013ರಲ್ಲಿ ಪತ್ತೆ ಮಾಡಿದ್ದು 1840ರ ದಶಕದ ಒಣ ಎಲೆಗಳಿಂದ. ಹಾಗಿದ್ದೂ ಅಮೆರಿಕದ ಡ್ಯೂಕ್ ವಿಶ್ವವಿದ್ಯಾಲಯ ತನ್ನ 8 ಲಕ್ಷಕ್ಕೂ ಮಿಕ್ಕ ಹಾಳೆಗಳ ಭಂಡಾರವನ್ನು ಮುಚ್ಚುವುದಾಗಿ 2024ರಲ್ಲಿ ಸಾರಿತು. ಕೊಂದದ್ದೂ ಆಯಿತು, ಕಾಯುವುದಕ್ಕೆ ದುಡ್ಡಿಲ್ಲ ಎಂದೂ ಆಯಿತು. ಇದಕ್ಕಿಂತ ಆ ಮುದುಕಿಯ ಆಡುಗಳೇ ವಾಸಿ, ತಿಂದದ್ದನ್ನು ಅರಗಿಸಿಕೊಳ್ಳುತ್ತವೆ.

ಮಾನೇಸರದಲ್ಲಿ ಈಗ ವರ್ಗೀಕರಣದ ಕತ್ತಿ ಗಿಡಗಳ ಮೇಲಲ್ಲ, ಬೆಟ್ಟದ ಮೇಲೇ ತೂಗುತ್ತಿದೆ. ಇಲ್ಲಿಯ ಕಂದಾಯದ ದಾಖಲೆಯಲ್ಲಿ ಬೆಟ್ಟಕ್ಕೆ ‘ಗೈರ್ ಮುಮ್ಕಿನ್ ಪಹಾಡ್’ ಎನ್ನುತ್ತಾರೆ. ಉಳಲು ಆಗದ ಗುಡ್ಡ ಎಂದು ಅರ್ಥ. ಗಿಡ, ನರಿ, ನವಿಲು ಯಾವುದೂ ಆ ಹೆಸರಿನಲ್ಲಿ ಇಲ್ಲ. ತೆರಿಗೆ ಹುಟ್ಟುವುದಿಲ್ಲ ಎಂಬ ನಿಟ್ಟುಸಿರು ಮಾತ್ರ ಇದೆ. ಆದರೆ 1992ರ ಮೇ ತಿಂಗಳಲ್ಲಿ ಕೇಂದ್ರ ಸರ್ಕಾರ ಹೊರಡಿಸಿದ ಅರಾವಳಿ ಪ್ರಕಟಣೆ ರಕ್ಷಣೆ ಕೊಟ್ಟದ್ದು ಆ ಹೆಸರಿನ ಜಮೀನಿಗೇ. ದಾಖಲೆಯಲ್ಲಿ ಆ ಮಾತು ಇದ್ದ ಗುಡ್ಡ ಉಳಿಯಿತು, ಬೇರೆ ಮಾತು ಬರೆದಿದ್ದ ಗುಡ್ಡ ಜಲ್ಲಿಯಾಗಬಹುದು. 2025ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟು, ಸುತ್ತಲ ನೆಲದಿಂದ 100 ಮೀಟರು ಎತ್ತರವಿದ್ದರೆ ಅರಾವಳಿ ಬೆಟ್ಟ ಎಂಬ ವ್ಯಾಖ್ಯೆಯನ್ನು ಒಪ್ಪಿತು. ಜನ ಕೂಗೆಬ್ಬಿಸಿದರು, ಡಿಸೆಂಬರ್ ಕೊನೆಗೆ ಕೋರ್ಟೇ ಆ ಆದೇಶವನ್ನು ತಡೆಹಿಡಿಯಿತು. ಆ ಒಂದು ತಿಂಗಳು ನಾನು ಸಂಜೆ ತಿರುಗಾಡಲು ಹೋಗುವ ಗುಡ್ಡವನ್ನು ಮೊಮ್ಮಗಳ ಜೊತೆ ಕಣ್ಣಳತೆಯಲ್ಲಿ ಅಳೆದದ್ದೇ ಅಳೆದದ್ದು. ನೂರಕ್ಕೆ ಮುಟ್ಟುವುದಿಲ್ಲ ಎಂದು ಇಬ್ಬರಿಗೂ ಅನುಮಾನ.

ಇಲ್ಲಿಂದ ಪೂರ್ವಕ್ಕೆ, ಗುರುಗ್ರಾಮ ಫರೀದಾಬಾದುಗಳ ನಡುವೆ, ಮಾಂಗರ್ ಬನಿ ಇದೆ. ನಮ್ಮ ಕೊಡಗಿನ ದೇವರಕಾಡಿನಂಥದು. ಗುದರಿಯಾ ಬಾಬಾ ಎಂಬ ಸಂತನ ಕಾಡು. ಒಂದು ಕಡ್ಡಿ ಮುರಿದರೂ ಕೇಡು ಎಂದು ಸುತ್ತಲ ಹಳ್ಳಿಯವರ ನಂಬಿಕೆ. ಅರಾವಳಿಯಲ್ಲಿ ಧೌ ಮರ ತನ್ನ ಪೂರ್ತಿ ಎತ್ತರಕ್ಕೆ ಬೆಳೆದದ್ದನ್ನು ನೋಡಬೇಕಾದರೆ ಅಲ್ಲಿಗೇ ಹೋಗಬೇಕು. ಉಳಿದ ಕಡೆ ಕಡಿತ, ಮೇಯುವಿಕೆ, ಎಲ್ಲಕ್ಕೂ ಮೇಲಾಗಿ ಹೊರನಾಡಿನಿಂದ ತಂದು ಬಿತ್ತಿದ ವಿಲಾಯತಿ ಕೀಕರ್, ಅಂದರೆ ನಮ್ಮ ಬಳ್ಳಾರಿ ಜಾಲಿ, ಧೌವನ್ನು ಕುಳ್ಳ ಪೊದೆ ಮಾಡಿಟ್ಟಿವೆ. ಮೊಮ್ಮಗಳ 25ರಲ್ಲಿ ಇನ್ನೂ ಒಂದು ಬಾಕಿ, ಅದು ಧೌ ಆಗಲಿ ಎಂದು ಹೋದ ಚಳಿಗಾಲದಲ್ಲಿ ನಾವು ಅಲ್ಲಿಗೆ ಹೋದೆವು. ಕತ್ತರಿ ಅವಳ ಚೀಲದಲ್ಲೇ ಇತ್ತು. ಎದುರಾದ ಹಳ್ಳಿಯ ಯಜಮಾನರೊಬ್ಬರು ಚೀಲದಲ್ಲಿ ಏನು ಎಂದು ಕೇಳಿದರು. ಅವಳು ಸುಳ್ಳು ಹೇಳಲಿಲ್ಲ. ‘ನೋಡು ಮಗಳೇ, ಎಷ್ಟು ಹೊತ್ತಾದರೂ ನೋಡು, ಬರೆದುಕೋ. ಮುರಿಯಬೇಡ’ ಎಂದರು. ಒಂದು ಗಂಟೆ ಕೂತು ಅವಳು ಕೊಂಬೆ, ಎಲೆ, ತೊಗಟೆಯ ಚಿತ್ರ ಬರೆದಳು. ಬರೆಯುತ್ತಿದ್ದಾಗ ಯಜಮಾನರು ಪಕ್ಕದಲ್ಲೇ ಕೂತು, ಯಾವ ತಿಂಗಳಲ್ಲಿ ಎಲೆ ತಾಮ್ರದ ಬಣ್ಣಕ್ಕೆ ತಿರುಗುತ್ತದೆ, ಬಂಡೆಯ ಮೇಲೆ ಬೇರು ಹೇಗೆ ಹಿಡಿಯುತ್ತದೆ ಎಂದೆಲ್ಲ ಹೇಳಿದರು. ಯಾವ ಚೀಟಿಯಲ್ಲೂ ಅಷ್ಟು ಹಿಡಿಸುವುದಿಲ್ಲ.

ಒಣಗಿದ ಗಿಡದ ಬದಲು ಚಿತ್ರ ಒಪ್ಪುವುದಿಲ್ಲ ಎಂದು ಕಾಲೇಜಿನಲ್ಲಿ ಹೇಳಿದ್ದಾರೆ. ನಿಯಮ ನಿಯಮವೇ, ನಾನೂ ಆ ಕುರ್ಚಿಯಲ್ಲಿ ಕೂತವಳು. ದೆಹಲಿಯ ಗಿಡಗಳ ಬಗ್ಗೆ ಮಹೇಶ್ವರಿಯವರ ಗ್ರಂಥ 1963ರಲ್ಲೇ ಬಂದಿದೆ, ಧೌ ಮರದ ಹಾಳೆ ಭಂಡಾರಗಳಲ್ಲಿ ಬೇಕಾದಷ್ಟಿವೆ, ಬನಿಯಿಂದ ಇನ್ನೊಂದು ತರಬೇಕಾದ ಅಗತ್ಯ ವಿಜ್ಞಾನಕ್ಕೆ ಇಲ್ಲ ಎಂದು ಅವಳು ಒಂದು ಅರ್ಜಿ ಬರೆದುಕೊಟ್ಟಿದ್ದಾಳೆ. ಮಿಕ್ಕ 24 ಹಾಳೆ ಸಿದ್ಧವಾಗಿವೆ. ಕೈರ್ ಹಾಳೆಯ ಚೀಟಿಯಲ್ಲಿ ಸ್ಥಳೀಯ ಹೆಸರು ಎಂಬ ಸಾಲಿನಲ್ಲಿ ‘ಟೇಂಟಿ’ ಎಂದು ಬರೆದು, ಸಂಗ್ರಹಿಸಿದವರು ಎಂಬಲ್ಲಿ ತನ್ನ ಹೆಸರಿನ ಪಕ್ಕದಲ್ಲಿ ಇನ್ನೊಂದು ಹೆಸರಿಗೆ ಜಾಗ ಬಿಟ್ಟಿದ್ದಾಳೆ. ಮುದುಕಿಯ ಹೆಸರು ಕೇಳಲು ಎರಡು ಸಲ ಹೋಗಿಬಂದಳು. ಆಡುಗಳು ಸಿಕ್ಕವು, ಅವಳು ಸಿಕ್ಕಿಲ್ಲ. ಪರೀಕ್ಷೆ ಮೇ ತಿಂಗಳಲ್ಲಿ. ಅಷ್ಟರೊಳಗೆ ಟೇಂಟಿ ಕೊಯ್ಯಲಿಕ್ಕಾದರೂ ಅವಳು ಆ ಕಡೆ ಬಂದೇ ಬರುತ್ತಾಳೆ.